ಅಮಾನತ್ತಿನಲ್ಲಿ ಇಡಲಾಗಿದೆ

ಸೊರಬ ತಾಲ್ಲೂಕಿನ ಉಳವಿ ಕಡೆಯ ಒಂದು ಹಳ್ಳಿಯ ಪ್ರಾಥಮಿಕ ಶಾಲೆಯಲ್ಲಿ ನಾನು ಬಹಳ ಶಿಸ್ತಿನ ಟೀಚರ್ ಎಂದು ಹೆಸರು ಮಾಡಿದ್ದೆ. ನನ್ನ ತರಗತಿಯಲ್ಲಿ ಕೂತಲ್ಲಿಂದ ಉತ್ತರ ಹೇಳುವ ಹಾಗಿರಲಿಲ್ಲ. ಎದ್ದು ಕರಿಹಲಗೆಯ ಹತ್ತಿರ ಬರಬೇಕು, ನನ್ನ ಮುಖ ನೋಡಿಕೊಂಡೇ ಹೇಳಬೇಕು, ಒಬ್ಬರು ಹೇಳುವಾಗ ಇನ್ನೊಬ್ಬರು ತುಟಿ ಅಲ್ಲಾಡಿಸಬಾರದು. ತಪಾಸಣೆಗೆ ಬಂದ ಸಾಹೇಬರು ಇದನ್ನು ನೋಡಿ ಖುಷಿಪಟ್ಟು ಭೇಟಿ ಪುಸ್ತಕದಲ್ಲಿ ಎರಡು ಸಾಲು ಹೊಗಳಿ ಬರೆದು ಹೋದರು. ಅವರು ಹೊಗಳಿದ್ದು ನನ್ನ ಕಿವುಡನ್ನು. ಎಡಗಿವಿ ಪೂರ್ತಿ ಹೋಗಿತ್ತು, ಬಲಗಿವಿ ಅರ್ಧಕ್ಕೆ ಬಂದು ನಿಂತಿತ್ತು. ಮಕ್ಕಳ ತುಟಿ ಕಾಣಿಸದಿದ್ದರೆ ನನಗೆ ಏಳರ ಮಗ್ಗಿಯೂ ಒಂಬತ್ತರ ಮಗ್ಗಿಯೂ ಒಂದೇ ಆಗಿತ್ತು.

ತೊಂಬತ್ತರ ದಶಕದ ನಡುವಿನ ಮಾತು ಇದು. ನನಗೆ ಇಪ್ಪತ್ತೈದು. ಕೆಲಸ ಸಿಕ್ಕಿ ವರ್ಷವಾಗಿತ್ತು, ಇನ್ನೂ ಖಾಯಂ ಆಗಿರಲಿಲ್ಲ. ಕೆಲಸಕ್ಕೆ ಸೇರುವಾಗ ಕೊಡಬೇಕಾದ ವೈದ್ಯಕೀಯ ಸರ್ಟಿಫಿಕೇಟಿಗೆ ಡಾಕ್ಟರು ಕೇಳಿದ ನಾಲ್ಕೈದು ಪ್ರಶ್ನೆಗಳನ್ನು ಅವರ ಮೀಸೆ ಅಲ್ಲಾಡಿದ ರೀತಿಯಿಂದಲೇ ಊಹಿಸಿ ಉತ್ತರ ಕೊಟ್ಟು ಪಾಸಾಗಿದ್ದೆ. ಈಗ ಕಿವಿಯ ವಿಷಯ ಹೊರಗೆ ಬಿದ್ದರೆ ಕೆಲಸ ಹೋಗುತ್ತದೆ ಎಂದು ನಾನು ಗಟ್ಟಿಯಾಗಿ ನಂಬಿದ್ದೆ. ಯಾರನ್ನಾದರೂ ಕೇಳಿ ತಿಳಿದುಕೊಳ್ಳೋಣವೆಂದರೆ ಕೇಳುವುದೇ ಸಿಕ್ಕಿಬೀಳುವುದಾಗಿತ್ತು.

ಮನೆಯಲ್ಲೂ ಯಾರಿಗೂ ಗೊತ್ತಿರಲಿಲ್ಲ. ಅಪ್ಪ ಸೊರಬದ ತಾಲ್ಲೂಕು ಕಚೇರಿಯ ಎದುರು ಟೇಬಲ್ ಹಾಕಿಕೊಂಡು ಜನರಿಗೆ ಅರ್ಜಿ ಬರೆದುಕೊಡುತ್ತಿದ್ದರು. ದಿನವಿಡೀ ಕೂಗಿ ಮಾತಾಡಿದ ಗಂಟಲು ಮನೆಗೆ ಬಂದರೂ ಇಳಿಯುತ್ತಿರಲಿಲ್ಲ, ಹಾಗಾಗಿ ಅವರು ಹೇಳಿದ್ದು ನನಗೆ ಕೇಳುತ್ತಿತ್ತು. ಅಮ್ಮ ಮೆತ್ತಗೆ ಮಾತಾಡುವವಳು. ಅವಳು ಕರೆದಾಗ ಓಗೊಡದಿದ್ದರೆ ಸಂಬಳ ಬಂದ ಮೇಲೆ ಇವಳಿಗೆ ಸೊಕ್ಕು ಬಂದಿದೆ ಎಂದುಕೊಳ್ಳುತ್ತಿದ್ದಳು. ಸೊಕ್ಕು ಎಂದೇ ಇರಲಿ ಎಂದು ನಾನೂ ಸುಮ್ಮನಿದ್ದೆ. ಕಿವುಡಿ ಅನ್ನಿಸಿಕೊಳ್ಳುವುದಕ್ಕಿಂತ ಅದು ವಾಸಿ.

ಆ ಹೊತ್ತಿಗೆ ಶಿಕಾರಿಪುರದಲ್ಲಿ ನನಗೊಂದು ಸಂಬಂಧ ಕೂಡಿಬಂದಿತ್ತು. ಅಲ್ಲಿಗೆ ಕೊಟ್ಟಿದ್ದ ನನ್ನ ಅಕ್ಕನ ಗಂಡ, ಬೀಜ ಗೊಬ್ಬರದ ಅಂಗಡಿಯ ನಮ್ಮ ಭಾವ, ನೋಡಿದ ಸಂಬಂಧ. ಹುಡುಗನ ಮನೆಯವರಿಗೆ ಪೇಟೆಯಲ್ಲಿ ಪಾತ್ರೆ ಅಂಗಡಿ, ಅಂಜನಾಪುರ ಜಲಾಶಯದ ನೀರು ಹರಿಯುವ ಮೂರು ಎಕರೆ ಗದ್ದೆ. ಸರ್ಕಾರಿ ನೌಕರಿಯ ಹುಡುಗಿ ಎಂದು ವರದಕ್ಷಿಣೆಯ ಮಾತೇ ಎತ್ತಿರಲಿಲ್ಲ. ನಮ್ಮ ಕಡೆಯಿಂದ ಎಲ್ಲರೂ ಒಪ್ಪಿದ್ದರು, ನಾನೂ ಒಪ್ಪಿದ್ದೆ. ಹುಡುಗ ನೋಡಲು ಬಂದ ದಿನ ಏನೋ ಕೇಳಿದ್ದ, ನಾನು ಹೂಂ ಎಂದಿದ್ದೆ. ಏನು ಕೇಳಿದ್ದ ಎಂದು ಇವತ್ತಿಗೂ ನನಗೆ ಗೊತ್ತಿಲ್ಲ.

ಮದುವೆಯಾಗಿ ಆ ಮನೆಗೆ ಹೋದ ಎರಡನೇ ದಿನವೇ ಬಣ್ಣ ಬಯಲಾಗುತ್ತದೆ ಎಂಬ ಹೆದರಿಕೆ ಶುರುವಾಗಿದ್ದಾಗಲೇ ಒಂದು ವಾರಪತ್ರಿಕೆಯ ಕೊನೆಯ ಪುಟದಲ್ಲಿ, ಕೂದಲು ಬೆಳೆಸುವ ಎಣ್ಣೆಗೂ ಎತ್ತರ ಹೆಚ್ಚಿಸುವ ಮಾತ್ರೆಗೂ ನಡುವೆ, ಆ ಜಾಹೀರಾತು ಕಂಡಿತು. ಕಿವಿಯ ಹಿಂದೆ ಕೂರುವ ಪುಟ್ಟ ಯಂತ್ರ. ಕೂದಲಲ್ಲಿ ಮುಚ್ಚಿಹೋಗುತ್ತದೆ. ಬೆಲೆ 595 ರೂಪಾಯಿ ಮಾತ್ರ. ಒಪ್ಪಿಗೆಯಾಗದಿದ್ದರೆ ಹದಿನೈದು ದಿನದೊಳಗೆ ವಾಪಸು ಕಳಿಸಿ, ಹಣ ಹಿಂದಕ್ಕೆ ಪಡೆಯಿರಿ. ಕಂಪನಿ ಹೊರರಾಜ್ಯದ್ದು. ಆ 'ಮಾತ್ರ' ಎಂಬ ಮಾತನ್ನು ನಂಬಿದವಳು ಮಕ್ಕಳಿಗೆ ಗಣಿತ ಹೇಳಿಕೊಡುತ್ತಿದ್ದ ನಾನೇ.

ಮೊದಲು ನೂರು ರೂಪಾಯಿ ಮುಂಗಡ ಮನಿಯಾರ್ಡರ್ ಮಾಡಬೇಕಿತ್ತು. ಅದಕ್ಕೆ ಅಂಚೆಯವರ ಕಮಿಷನ್ ಐದು. ಉಳಿದದ್ದನ್ನು ವಿ.ಪಿ. ಪಾರ್ಸೆಲ್ ಬಂದಾಗ ಕೊಟ್ಟು ಬಿಡಿಸಿಕೊಳ್ಳಬೇಕು. ಉಳಿದದ್ದು 495 ಎಂದು ನಾನು ಲೆಕ್ಕ ಹಾಕಿದ್ದರೆ, ಬಂದ ಪಾರ್ಸೆಲಿನ ಮೇಲೆ 567 ಎಂದಿತ್ತು. ಪ್ಯಾಕಿಂಗ್ ಮತ್ತು ರವಾನೆ ನಲವತ್ತೆಂಟು, ತೆರಿಗೆ ಇಪ್ಪತ್ತನಾಲ್ಕು. ಆ ದುಡ್ಡನ್ನು ಕಂಪನಿಗೆ ಮುಟ್ಟಿಸುವುದಕ್ಕೆ ಅಂಚೆಯವರಿಗೆ ಮತ್ತೆ ಇಪ್ಪತ್ತೊಂಬತ್ತು. ಜಾಹೀರಾತನ್ನು ತೆಗೆದು ಬೆಳಕಿಗೆ ಹಿಡಿದು ನೋಡಿದೆ. ಇರುವೆ ಸಾಲಿನಂಥ ಅಕ್ಷರದಲ್ಲಿ 'ಇತರೆ ವೆಚ್ಚ ಪ್ರತ್ಯೇಕ' ಎಂದಿತ್ತು. ನನ್ನ ಕಿವಿಯ ಜೊತೆ ಕಣ್ಣನ್ನೂ ಬೈದುಕೊಂಡೆ.

ಪಾರ್ಸೆಲ್ ಸೊರಬಕ್ಕೆ ಬಂದರೆ ಅಪ್ಪನ ಕೈಗೆ ಬೀಳುತ್ತದೆ, ಶಾಲೆಗೆ ಬಂದರೆ ಹೆಡ್‌ಮಾಸ್ತರ ಕೈಗೆ. ಅದಕ್ಕೇ ಶಿಕಾರಿಪುರದ ಅಕ್ಕನ ಮನೆಯ ವಿಳಾಸ ಕೊಟ್ಟು, ಇಲಾಖೆ ಪರೀಕ್ಷೆಯ ಪುಸ್ತಕ ತರಿಸುತ್ತಿದ್ದೇನೆ ಎಂದು ಅವಳಿಗೆ ಸುಳ್ಳು ಹೇಳಿದ್ದೆ. ಕಂಪನಿಯವರಿಗೆ ನಂಬಿಕೆ ಬರಲಿ ಎಂದು ನನ್ನ ಹೆಸರಿನ ಕೆಳಗೆ 'ಸಹಶಿಕ್ಷಕಿ' ಎಂದು ದೊಡ್ಡದಾಗಿ ಬರೆದಿದ್ದೆ. ಆ ಒಂದು ಪದ ಬರೆಯದಿದ್ದರೆ ಮುಂದಿನದು ಯಾವುದೂ ಆಗುತ್ತಿರಲಿಲ್ಲವೇನೋ.

ಯಂತ್ರ ಮೂರು ದಿನ ಕೆಲಸ ಮಾಡಿತು. ಆ ಮೂರು ದಿನದಲ್ಲಿ ನನಗೊಂದು ಹೊಸ ಸಂಗತಿ ಗೊತ್ತಾಯಿತು, ಅಮ್ಮ ಅಕ್ಕಿ ಆರಿಸುವಾಗ ತನ್ನಷ್ಟಕ್ಕೆ ತಾನೇ ಗುನುಗಿಕೊಳ್ಳುತ್ತಾಳೆ. ಎಷ್ಟು ವರ್ಷದಿಂದ ಹಾಡಿಕೊಳ್ಳುತ್ತಿದ್ದಳೋ ಏನೋ. ನಾನು ಹಿತ್ತಲ ಬಾಗಿಲಲ್ಲಿ ನಿಂತು ಕೇಳಿ ಕಣ್ಣೊರೆಸಿಕೊಂಡೆ. ನಾಲ್ಕನೆಯ ದಿನ ಯಂತ್ರ ಸಿಳ್ಳೆ ಹೊಡೆಯತೊಡಗಿತು. ಆ ಸಿಳ್ಳೆ ನನಗಿಂತ ಬೇರೆಯವರಿಗೇ ಚೆನ್ನಾಗಿ ಕೇಳುತ್ತಿತ್ತು. ಅಮ್ಮ ಎರಡು ಸಲ ಒಲೆಯ ಹತ್ತಿರ ಹೋಗಿ ಕುಕ್ಕರ್ ನೋಡಿ ಬಂದಳು. ಇನ್ನು ಇಟ್ಟುಕೊಂಡರೆ ಕೆಟ್ಟೆ ಎಂದು ರಿಜಿಸ್ಟರ್ಡ್ ಪಾರ್ಸೆಲ್ ಮಾಡಿ ವಾಪಸು ಕಳಿಸಿದೆ. ಹಣ ಬಂದ ಮೇಲೆ ಅದಕ್ಕಿಷ್ಟು ಸೇರಿಸಿ ಶಿವಮೊಗ್ಗದಲ್ಲಿ ಡಾಕ್ಟರಿಗೆ ತೋರಿಸಿ, ಮದುವೆಗೆ ಮೊದಲೇ ಒಳ್ಳೆಯ ಯಂತ್ರ ತೆಗೆದುಕೊಳ್ಳಬೇಕು ಎಂಬುದು ನನ್ನ ಯೋಚನೆ. ಆಗ ನನಗೆ ಬೇಕಾಗಿದ್ದದ್ದು ಅದೊಂದೇ.

ಡಬ್ಬಿಯೊಳಗೆ ಕಂಪನಿಯ ನಿಯಮದ ಚೀಟಿ ಇತ್ತು. ವಾಪಸು ಬಂದ ಮಾಲಿನ ವಿಚಾರಣೆ ಮುಗಿಯುವವರೆಗೆ ಗಿರಾಕಿಯ ಹಣವನ್ನು ಅಮಾನತ್ತಿನಲ್ಲಿ ಇಡಲಾಗುವುದು ಎಂದು ಅದರಲ್ಲಿ ಬರೆದಿತ್ತು. ಯಾರೋ ನಿಘಂಟು ಮುಂದಿಟ್ಟುಕೊಂಡು ಮಾಡಿದ ಕನ್ನಡ, ಆದರೆ ಅರ್ಥ ನನಗಾಯಿತು. ಹಣ ನನ್ನದು, ನನ್ನ ಹತ್ತಿರ ಇಲ್ಲ. ಅವರ ಹತ್ತಿರ ಇದೆ, ಅವರದಲ್ಲ. ಯಾರೋ ಒಬ್ಬರು ಸಹಿ ಮಾಡುವವರೆಗೆ ಅದು ನಡುವೆ ಎಲ್ಲೋ ಕೂತಿರುತ್ತದೆ. ಸರಿ, ಕೂತಿರಲಿ, ಎಂದಾದರೂ ಏಳುತ್ತದಲ್ಲ ಎಂದು ಕಾದೆ.

ಮೂರು ವಾರ ಕಳೆದ ಮೇಲೆ ಒಂದು ಭಾನುವಾರ ಬೆಳಿಗ್ಗೆ ಭಾವ ಹೇಳದೆ ಕೇಳದೆ ಸೊರಬಕ್ಕೆ ಬಂದರು. ಅಪ್ಪ ಸ್ನಾನಕ್ಕೆ ಹೋಗಿದ್ದರು. ಭಾವ ಕಾಫಿ ಕುಡಿದು, ಲೋಟ ಕೆಳಗಿಟ್ಟು, ಅಡುಗೆಮನೆಯ ಕಡೆ ಒಮ್ಮೆ ನೋಡಿ, ತಗ್ಗಿದ ದನಿಯಲ್ಲಿ ನನ್ನನ್ನು ಏನೋ ಕೇಳಿದರು. ನನಗೆ ಸಿಕ್ಕಿದ್ದು ಒಂದೇ ಪದ, ಅಮಾನತ್ತು. ಕಂಪನಿಯಿಂದ ಕಾಗದ ಬಂದಿರಬೇಕು, ಪುಸ್ತಕದ ದುಡ್ಡಿನ ವಿಷಯ ಕೇಳುತ್ತಿದ್ದಾರೆ ಎಂದುಕೊಂಡೆ.

"ಹೌದು ಭಾವ, ಆಗಿದೆ," ಎಂದೆ.

ಭಾವನ ಮುಖ ಕಪ್ಪಿಟ್ಟಿತು. "ಎದಕ್ಕ ಆತವ್ವ ಇದು?"

"ಸರಿ ಇರ್ಲಿಲ್ಲ, ಅದ್ಕೆ ನಾನೇ ವಾಪಸ್ ಕೊಟ್ಟೆ. ಎಲ್ಲರದ್ದೂ ಹಿಂಗೇ ಮಾಡ್ತಾರಂತೆ. ತಿಂಗಳೊಳಗೆ ಬಿಡ್ತಾರೆ. ಸ್ವಲ್ಪ ಹಿಡ್ಕಂಡು ಉಳಿದಿದ್ದು ಕೊಡ್ತಾರೆ."

"ಅಂದ್ರ ಅಲ್ಲಿತನ ಅರ್ಧ ಪಗಾರ ಅನ್ನು."

ಇದು ನನಗೆ ಕೇಳಲಿಲ್ಲ, ಅಮ್ಮ ಆಮೇಲೆ ಹೇಳಿದ್ದು. ಕೇಳದೆ ಇದ್ದಾಗ ಮಾಡುವುದನ್ನೇ ಮಾಡಿದೆ, ನಗುಮುಖದಿಂದ ತಲೆಯಾಡಿಸಿದೆ. ಬಾಗಿಲಲ್ಲಿ ನಿಂತಿದ್ದ ಅಮ್ಮ ಸೆರಗು ಬಾಯಿಗೆ ಒತ್ತಿಕೊಂಡಿದ್ದು ಆಗ ಕಾಣಿಸಿತು. ಅವಳು ಯಾಕೆ ಅಳುತ್ತಿದ್ದಾಳೆ ಎಂದು ನನಗೆ ಹೊಳೆಯಲೇ ಇಲ್ಲ.

ಹೊಳೆದದ್ದು ಅಪ್ಪ ಮೈ ಒರೆಸಿಕೊಂಡು ಬಂದು, ಅಕ್ಕನ ಮನೆಗೆ ಬಂದಿದ್ದ ಅಂಚೆ ಕಾರ್ಡನ್ನು ಭಾವನ ಕೈಯಿಂದ ತೆಗೆದುಕೊಂಡು, ತಮ್ಮ ಎಂದಿನ ಗಂಟಲಲ್ಲಿ ಓದಿದಾಗ. ಅಚ್ಚು ಹಾಕಿಸಿದ ಕಾರ್ಡು. 'ತಮ್ಮ' ಎಂದಾದ ಮೇಲೆ ಹಣದ ಮೊತ್ತ ತುಂಬಬೇಕಾದ ಜಾಗವನ್ನು ಗುಮಾಸ್ತ ಖಾಲಿ ಬಿಟ್ಟಿದ್ದ. ಆಮೇಲೆ, 'ವಿಚಾರಣೆ ಬಾಕಿ ಇರುವ ಪ್ರಯುಕ್ತ ಅಮಾನತ್ತಿನಲ್ಲಿ ಇಡಲಾಗಿದೆ. ಫಲಿತಾಂಶವನ್ನು ಮುಂದೆ ತಿಳಿಸಲಾಗುವುದು.' ಮೇಲೆ ನನ್ನ ಹೆಸರು, ಅದರ ಕೆಳಗೆ ಸಹಶಿಕ್ಷಕಿ. ಕೆಳಗಿನ ಮೊಹರು ನೇರಳೆ ಶಾಯಿಯಲ್ಲಿ ಹರಡಿ ಯಾವ ಕಂಪನಿ, ಯಾವ ಕಚೇರಿ ಎಂದು ಗೊತ್ತಾಗುವಂತಿರಲಿಲ್ಲ. ಸರ್ಕಾರ ತನ್ನ ನೌಕರರನ್ನು ಕೆಲಸದಿಂದ ಹೊರಗಿಡುವಾಗ ಬರೆಯುವುದೂ ಇದೇ ಮಾತು, ಒಂದಕ್ಷರ ಹೆಚ್ಚಿಲ್ಲ ಕಡಿಮೆಯಿಲ್ಲ.

"ಅಪ್ಪ, ಅದು ಪುಸ್ತಕದ ದುಡ್ಡು," ಎಂದೆ.

"ಪುಸ್ತಕಕ್ಕೆ ಯಾರೇ ವಿಚಾರಣೆ ಮಾಡ್ತಾರೆ ಮಾರಾಯ್ತಿ? ಅಮಾನತ್ತಾದವರ ಅರ್ಜಿ ಎಷ್ಟು ಬರ್ದಿದೀನಿ ನಾನು. ನಂಗೆ ಹೇಳಿಕೊಡೋಕೆ ಬರ್ಬೇಡ. ಎಂತ ಮಾಡ್ಕಂಡೆ, ಅದನ್ನ ಹೇಳು ಮತ್ತೆ."

ನಾನು ದಿನಾ ಶಾಲೆಗೆ ಹೋಗುತ್ತಿದ್ದೇನಲ್ಲ ಎಂದರೆ, ಆರ್ಡರ್ ಇನ್ನೂ ಶಾಲೆಗೆ ಮುಟ್ಟಿಲ್ಲ ಎಂದರು. ಕಾರ್ಡು ಶಿಕಾರಿಪುರಕ್ಕೆ ಯಾಕೆ ಬಂತು ಎಂಬುದಕ್ಕೆ ಅಮ್ಮನೇ ಕಾರಣ ಹುಡುಕಿದಳು, ನಮಗೆ ಗೊತ್ತಾಗಬಾರದು ಎಂದು ಇವಳೇ ಅಕ್ಕನ ವಿಳಾಸ ಕೊಟ್ಟಿದ್ದಾಳೆ. ಅದಂತೂ ನಿಜವೇ ಆಗಿತ್ತು. ಸ್ವಲ್ಪ ಹೊತ್ತಿನ ಹಿಂದೆ ಹೌದು, ಆಗಿದೆ ಎಂದು ನಗುನಗುತ್ತಾ ಒಪ್ಪಿಕೊಂಡವಳು ಈಗ ಇಲ್ಲ ಎಂದರೆ ಯಾರು ನಂಬುತ್ತಾರೆ. ನಂಬಿಸಬೇಕೆಂದರೆ ನಿಯಮದ ಚೀಟಿ ತಂದು ತೋರಿಸಬೇಕಿತ್ತು. ಚೀಟಿಯ ತಲೆಯ ಮೇಲೇ ದೊಡ್ಡ ಕಿವಿಯ ಚಿತ್ರವಿತ್ತು.

ಆ ವಾರ ನನಗೆ ಮನೆಯೇ ಜೈಲಾಯಿತು. ಕಿವಿಯ ಗುಟ್ಟು ಉಳಿಯಬೇಕಾದರೆ ಅಮಾನತ್ತಾದವಳು ಎಂಬ ಹೆಸರು ಹೊರಬೇಕು. ಆ ಹೆಸರು ತೊಳೆದುಕೊಳ್ಳಬೇಕಾದರೆ ಕಿವುಡಿ ಎಂದು ಹೇಳಿಕೊಳ್ಳಬೇಕು, ಹೇಳಿಕೊಂಡರೆ ನಿಜವಾಗಿಯೂ ಕೆಲಸ ಹೋಗುತ್ತದೆ. ಎತ್ತ ಹೊರಳಿದರೂ ಗೋಡೆ. ಅಪ್ಪ ಅಷ್ಟರಲ್ಲಿ ತಮ್ಮ ಕೈಲಾದದ್ದನ್ನು ಶುರುಮಾಡಿದ್ದರು. ಮಂಗಳವಾರ ಸಾಯಂಕಾಲ ಎರಡು ಹಾಳೆಯ ಮೇಲ್ಮನವಿ ಸಿದ್ಧವಾಯಿತು. ನಿಂತುಕೊಂಡು ಓದಿದರು. 'ಅರ್ಜಿದಾರಳು ಪೂರ್ಣ ಆರೋಗ್ಯವಂತಳಾಗಿದ್ದು, ಕರ್ತವ್ಯದಲ್ಲಿ ಯಾವುದೇ ಲೋಪ ಎಸಗಿರುವುದಿಲ್ಲ.' ಇಷ್ಟು ಚೆನ್ನಾಗಿ ಅವರು ಯಾರಿಗೂ ಬರೆದುಕೊಟ್ಟಿರಲಿಕ್ಕಿಲ್ಲ. ಕೆಳಗೆ ನನ್ನ ಸಹಿಗೆ ಜಾಗ ಬಿಟ್ಟಿದ್ದರು, ಅದು ಹೋಗಬೇಕಾಗಿದ್ದದ್ದು ಶಿಕ್ಷಣಾಧಿಕಾರಿಯ ಕಚೇರಿಗೆ. ಅಷ್ಟರಲ್ಲಿ ಹಣ ಬಂದರೆ ಕಾರ್ಡು ದುಡ್ಡಿನದೇ ಎಂದು ತೋರಿಸಬಹುದಲ್ಲ ಎಂಬ ಆಸೆಯಿಂದ, ಶನಿವಾರದವರೆಗೆ ಟೈಮು ಕೊಡಿ ಎಂದು ಕೈಮುಗಿದೆ. ಮುಗಿದ ಕೈಯನ್ನೂ ಅವರು ತಪ್ಪೊಪ್ಪಿಗೆ ಎಂದೇ ತಿಳಿದರು.

ಕಂಪನಿಯ ಚೀಟಿಯಲ್ಲಿ ಫೋನ್ ನಂಬರ್ ಇತ್ತು. ಬುಧವಾರ ಬಸ್ಸಿಳಿದು ನೇರವಾಗಿ ಎಸ್.ಟಿ.ಡಿ. ಬೂತಿಗೆ ಹೋದೆ. ಗಾಜಿನ ಪೆಟ್ಟಿಗೆಯೊಳಗೆ ಹೊಕ್ಕು ಬಾಗಿಲು ಎಳೆದುಕೊಂಡು ನಂಬರ್ ಒತ್ತಿ, ಬಲಗಿವಿಗೆ ರಿಸೀವರ್ ಒತ್ತಿ ಹಿಡಿದೆ. ಆ ಕಡೆ ಯಾರೋ ಎತ್ತಿದರು. ಏನೋ ಹೇಳಿದರು. ಜೇನುಹುಳ ಗುಂಯ್‌ಗುಟ್ಟಿದಂತೆ ಅಷ್ಟೇ ನನಗೆ ಕೇಳಿದ್ದು. ಫೋನಿಗೆ ತುಟಿ ಇರುವುದಿಲ್ಲ ಎಂಬುದನ್ನು ನಾನು ಯೋಚಿಸಿಯೇ ಇರಲಿಲ್ಲ. ಎದುರಿನ ಮೀಟರಿನಲ್ಲಿ ಬಿಲ್ಲಿನ ಕೆಂಪು ಅಂಕಿಗಳು ಓಡುತ್ತಿದ್ದವು. ಬೂತಿನವರನ್ನು ಕರೆದು ಸ್ವಲ್ಪ ಕೇಳಿ ಹೇಳಿ ಎನ್ನೋಣವೆಂದರೆ ಅವರು ಅಪ್ಪನ ಗೆಳೆಯರು. ನನ್ನ ಹೆಸರು, ಪಾರ್ಸೆಲ್ ನಂಬರ್, ಹಣ ಬೇಗ ಕಳಿಸಿ, ದಯವಿಟ್ಟು ಕಳಿಸಿ ಎಂದು ನನಗೆ ಬರುವ ಹರಕು ಇಂಗ್ಲಿಷಿನಲ್ಲಿ ನಾಲ್ಕು ಸಲ ಹೇಳಿ ಇಟ್ಟುಬಿಟ್ಟೆ. ಅವರು ಏನೆಂದರೋ ದೇವರಿಗೇ ಗೊತ್ತು. ಅದಕ್ಕೂ ಬಿಲ್ಲು ಕೊಟ್ಟು ಹೊರಗೆ ಬಂದೆ.

ಶನಿವಾರ ಬೆಳಗಿನ ಶಾಲೆ ಮುಗಿಸಿ ಶಿಕಾರಿಪುರಕ್ಕೆ ಬಾ ಎಂದು ಭಾವ ಹೇಳಿಕಳಿಸಿದ್ದರು. ಹುಡುಗನ ಮನೆಯವರಿಗೆ ಮುಚ್ಚಿಟ್ಟು ಆಮೇಲೆ ಗೊತ್ತಾದರೆ ಪೇಟೆಯಲ್ಲಿ ತಲೆಯೆತ್ತಿ ಓಡಾಡುವುದು ಹೇಗೆ ಎಂದು ಅವರೇ ಹೋಗಿ ಎಲ್ಲ ಹೇಳಿ ಬಂದಿದ್ದರು. ನಾನು ಅಕ್ಕನ ಮನೆ ಮುಟ್ಟುವ ಹೊತ್ತಿಗೆ ಹುಡುಗ, ಅವನ ತಂದೆ, ಮೇಲ್ಮನವಿ ಹಿಡಿದುಕೊಂಡ ನಮ್ಮಪ್ಪ, ಎಲ್ಲರೂ ಪಡಸಾಲೆಯಲ್ಲಿ ಕೂತಿದ್ದರು. ಖಾಲಿ ಇದ್ದ ಒಂದೇ ಕುರ್ಚಿ ಬೀದಿಬಾಗಿಲಿಗೆ ಬೆನ್ನು ಮಾಡಿ ಇತ್ತು. ನನಗೆ ಬಾಗಿಲಿಗೆ ಬೆನ್ನು ಮಾಡಿ ಕೂರುವ ಅಭ್ಯಾಸವಿರಲಿಲ್ಲ. ಆದರೂ ಕೂತೆ.

ಹುಡುಗನ ತಂದೆ ದೊಡ್ಡ ಮನುಷ್ಯರು, ಬೈಯಲಿಲ್ಲ. "ಏನಾತವ್ವ, ಇದ್ದದ್ದು ಇದ್ಹಂಗ ಹೇಳು," ಎಂದರು. ಹೇಳಲು ನಾನು ಬಾಯಿ ತೆರೆಯುವಷ್ಟರಲ್ಲಿ ಅವರ ಕಣ್ಣು ನನ್ನನ್ನು ದಾಟಿ ಹಿಂದಕ್ಕೆ ಹೋಯಿತು, ಮತ್ತೆ ನನ್ನ ಮುಖಕ್ಕೆ ಬಂತು. ಭಾವ ಬಾಗಿಲ ಕಡೆ ನೋಡಿದರು, ನನ್ನನ್ನು ನೋಡಿದರು. ಅಕ್ಕ ನೋಡಿದಳು. ಹುಡುಗ ನೋಡಿದ. ಎಲ್ಲರೂ ಏನನ್ನೋ ಕಾಯುತ್ತಿದ್ದರು, ಏನನ್ನು ಎಂದು ನನಗೆ ಗೊತ್ತಾಗಲಿಲ್ಲ. ಕೊನೆಗೆ ಅಪ್ಪ ಎದ್ದುಬಂದು ಭುಜ ಹಿಡಿದು ನನ್ನನ್ನು ತಿರುಗಿಸಿದರು. ನನ್ನ ಬೆನ್ನಿಗೆ ಮೂರು ಮಾರು ದೂರದಲ್ಲಿ ಪೋಸ್ಟ್‌ಮ್ಯಾನ್ ನಿಂತಿದ್ದರು. ಆರು ಸಲ ಹೆಸರು ಹಿಡಿದು ಕೂಗಿದರಂತೆ. ಆಮೇಲೆ ಅಕ್ಕ ಹೇಳಿದಳು.

ಮನಿಯಾರ್ಡರ್ ಬಂದಿತ್ತು, 470 ರೂಪಾಯಿ. ಸಹಿ ಮಾಡಿದೆ. ಜೊತೆಗಿದ್ದ ತುಂಡು ಚೀಟಿಯನ್ನು ಭಾವ ತೆಗೆದುಕೊಂಡು ಎಲ್ಲರಿಗೂ ಕೇಳುವಂತೆ ಓದಲು ಶುರುಮಾಡಿದರು. ಅವರ ತುಟಿಯ ಮೇಲೇ ನಾನು ಕಣ್ಣಿಟ್ಟಿದ್ದೆ. ಕಿವಿಯ ಯಂತ್ರ ವಾಪಸು, ಬೆಲೆ 595. ಅಲ್ಲಿಗೆ ಅವರ ತುಟಿ ನಿಂತಿತು. ಉಳಿದದ್ದನ್ನು ಮನಸ್ಸಿನಲ್ಲೇ ಓದಿಕೊಂಡು ಚೀಟಿಯನ್ನು ಅಪ್ಪನಿಗೆ ಕೊಟ್ಟರು. ಕಂಪನಿಯವರು ಪರೀಕ್ಷಾ ಶುಲ್ಕ ಅರವತ್ತು, ನಿರ್ವಹಣೆ ನಲವತ್ತು, ಮನಿಯಾರ್ಡರ್ ಕಮಿಷನ್ ಇಪ್ಪತ್ತೈದು ಹಿಡಿದುಕೊಂಡಿದ್ದರು. ಪ್ಯಾಕಿಂಗ್, ತೆರಿಗೆ, ನಾನು ಅಂಚೆಗೆ ಕೊಟ್ಟದ್ದು, ಇವು ಯಾವುವೂ ಲೆಕ್ಕಕ್ಕೇ ಬಂದಿರಲಿಲ್ಲ. ಅಮಾನತ್ತಿನಲ್ಲಿದ್ದದ್ದು ಯಾವುದು ಎಂದು ಆಗ ಎಲ್ಲರಿಗೂ ಗೊತ್ತಾಯಿತು.

"ಎಡಗಿವಿ ಪೂರ್ತಿ ಕೇಳಲ್ಲ. ಬಲಗಿವಿ ಅರ್ಧ ಕೇಳತ್ತೆ," ಎಂದೆ. ಹೇಳಿದ ಮೇಲೆ ನನಗೆ ಹಗುರವಾಗುತ್ತದೆ ಎಂದುಕೊಂಡಿದ್ದೆ, ಆಗಲಿಲ್ಲ.

ಹುಡುಗನ ತಂದೆ ಕುರ್ಚಿ ಮುಂದಕ್ಕೆ ಎಳೆದುಕೊಂಡರು. "ಅಂದ್ರ ನೌಕರಿಗೇನೂ ಆಗಿಲ್ಲ?"

"ಇಲ್ಲ."

"ಆಫೀಸಿನಾಗ ಗೊತ್ತೈತೇನು, ಈ ಕಿವಿದು?"

"ಇಲ್ಲ."

ಅವರು ಉಸಿರು ಬಿಟ್ಟದ್ದು ನನಗೆ ಕಾಣಿಸಿತು. ಭಾವ ನಕ್ಕರು. ಅಪ್ಪ ಮೇಲ್ಮನವಿಯನ್ನು ನಾಲ್ಕು ಮಡಿಕೆ ಮಾಡಿ ಜೇಬಿಗಿಟ್ಟುಕೊಂಡು, ಹೆಗಲ ಮೇಲಿನ ವಸ್ತ್ರದಿಂದ ಮುಖ ಒರೆಸಿಕೊಂಡರು. ಪಡಸಾಲೆಯಲ್ಲಿ ಎಲ್ಲರಿಗೂ ಒಟ್ಟಿಗೆ ಸಮಾಧಾನವಾಯಿತು, ನನಗೊಬ್ಬಳಿಗೆ ಸಿಟ್ಟು ಬಂತು. ಇಷ್ಟು ವರ್ಷ ಬಚ್ಚಿಟ್ಟದ್ದಕ್ಕೆ ಯಾರಾದರೂ ಬೈಯಬೇಕಿತ್ತು. ಯಾವಾಗಿನಿಂದ ಹೀಗೆ, ನೋವಿದೆಯಾ ಎಂದು ಒಬ್ಬರಾದರೂ ಕೇಳಬೇಕಿತ್ತು. ಹುಡುಗನ ಕಡೆ ನೋಡಿದೆ. ಅವನು ಗೋಡೆಯ ಮೇಲಿನ ಕ್ಯಾಲೆಂಡರ್ ನೋಡುತ್ತಿದ್ದ.

"ಈ ದುಡ್ಡಿಗೆ ಇನ್ನೊಂದಿಷ್ಟು ಸೇರ್ಸಿ ಶಿವಮೊಗ್ಗದಲ್ಲಿ ಒಳ್ಳೇ ಯಂತ್ರ ತಗೋತೀನಿ," ಎಂದೆ.

"ಯಂತ್ರ ಗಿಂತ್ರ ಬ್ಯಾಡವ್ವ," ಎಂದರು ಹುಡುಗನ ತಂದೆ. "ಕಿವಿಗೆ ಸಿಗಿಸ್ಕೊಂಡು ಸಾಲಿಗೆ ಹೋದ್ರ ನಾಕು ಮಂದಿ ನೋಡ್ತಾರ, ಆಫೀಸಿಗೆ ಮುಟ್ತೈತಿ. ಇಲ್ಲಿತನ ಹೆಂಗ ನಡಸ್ಕೊಂಡು ಬಂದೀಯೋ ಹಂಗ ನಡಸ್ಕೊಂಡು ಹೋಗು. ಕೇಳದಿದ್ರ ಏನಾತು, ಪಗಾರ ಬರ್ತೈತಲ್ಲ."

ಅವರು ನನ್ನ ಎದುರಿಗೇ ಇದ್ದರು. ತುಟಿಯೂ ಕಂಡಿತ್ತು, ಮಾತೂ ಕೇಳಿತ್ತು.

"ಕೇಳಿಸ್ಲಿಲ್ಲ," ಎಂದೆ.

ಅಷ್ಟು ಜನರ ಮುಂದೆ ಆ ಮಾತನ್ನು ಎರಡನೇ ಸಲ ಹೇಳಲು ಅವರಿಗೆ ನಾಚಿಕೆಯಾಗುತ್ತದೆ ಎಂದುಕೊಂಡಿದ್ದೆ. ಅವರು ಎದ್ದು ಬಂದರು. ನನ್ನ ಬಲಗಡೆ ಬಗ್ಗಿ, ಒಂದೊಂದೇ ಪದ ಬಿಡಿಸಿ, ಮಗುವಿಗೆ ಹೇಳುವಷ್ಟು ತಾಳ್ಮೆಯಿಂದ, ಮೊದಲಿನಿಂದ ಕೊನೆಯವರೆಗೆ ಎಲ್ಲವನ್ನೂ ಮತ್ತೆ ಹೇಳಿದರು. ಅವರ ದನಿಯಲ್ಲಿ ಪ್ರೀತಿಯೇ ಇತ್ತು.

"ಈಗ ಕೇಳಿಸ್ತವ್ವ?"

"ಕೇಳಿಸ್ತು," ಎಂದೆ.

ಅದನ್ನೇ ಒಪ್ಪಿಗೆ ಎಂದು ತಿಳಿದು ಅಕ್ಕ ಒಳಗಿನಿಂದ ಸಕ್ಕರೆ ತಂದು ಎಲ್ಲರ ಕೈಗೂ ಹಾಕಿದಳು.